ಮೆಸೊಪೊಟೇಮಿಯದ ನಗರ ಯೋಜನೆ: ಅಧ್ಯಯನಕ್ಕೆ ಯಾವ ನಗರವನ್ನು ಆರಿಸಿಕೊಳ್ಳಬೇಕು?

ಟೈಗ್ರಿಸ್ ಮತ್ತು ಯೂಫ್ರೆಟಿಸ್ ನದಿಗಳ ಬಯಲಾದ ಮೆಸೊಪೊಟೇಮಿಯದ ಆರಂಭಕಾಲದ ನಗರಗಳ ಬಗ್ಗೆ ಪ್ರಬಂಧ ಬರೆಯಬೇಕಾದ ವಿದ್ಯಾರ್ಥಿಯಾಗಲಿ, ಆ ಪಾಠ ಮಾಡಬೇಕಾದ ಅಧ್ಯಾಪಕರಾಗಲಿ, ಸ್ವಂತ ಆಸಕ್ತಿಯಿಂದ ಓದಹೊರಟ ಎಂಜಿನಿಯರಾಗಲಿ, ಹೆಚ್ಚಿನವರು ಮೊದಲು ಕೈಹಾಕುವುದು ಉರುಕ್ ನಗರಕ್ಕೆ. ಜಗತ್ತಿನ ಮೊದಲ ಮಹಾನಗರವೆಂಬ ಹೆಸರು ಅದಕ್ಕಿರುವುದರಿಂದ ಇದು ಸಹಜ. ಆದರೆ ಉರುಕ್‌ನಲ್ಲಿ ಈವರೆಗೆ ಆಳವಾಗಿ ಅಗೆದಿರುವುದು ಬಹುಪಾಲು ದೇವಾಲಯಗಳ ಆವರಣವನ್ನೇ. ಜನ ಓಡಾಡಿದ ಓಣಿ ಎಷ್ಟು ಅಗಲವಿತ್ತು, ಬಚ್ಚಲ ನೀರು ಎಲ್ಲಿಗೆ ಹೋಗುತ್ತಿತ್ತು, ದೋಣಿ ಎಲ್ಲಿ ನಿಲ್ಲುತ್ತಿತ್ತು ಎಂಬ ಪ್ರಶ್ನೆಗಳಿಗೆ ಉತ್ತರ ಬೇಕಿದ್ದವರು ಉರುಕ್‌ನಲ್ಲಿ ಬಹಳ ದಿನ ಹುಡುಕಿ ಬರಿಗೈಯಲ್ಲಿ ಮರಳಬೇಕಾಗುತ್ತದೆ. ಆದ್ದರಿಂದ ನಗರದ ಕೀರ್ತಿಗಿಂತ ಅಲ್ಲಿ ಯಾವ ಕಾಲದ ಯಾವ ಭಾಗ ಬೆಳಕಿಗೆ ಬಂದಿದೆ ಎಂಬುದನ್ನು ನೋಡಿಯೇ ಆಯ್ಕೆ ಮಾಡಬೇಕು ಎಂಬುದು ಈ ಬರಹದ ನಿಲುವು.

ಇಲ್ಲಿ ಹೋಲಿಸಿರುವುದು ಐದು ನಗರಗಳನ್ನು: ದಕ್ಷಿಣ ಇರಾಕಿನ ಉರುಕ್ ಮತ್ತು ಊರ್, ಮಧ್ಯ ಇರಾಕಿನ ಮಷ್ಕನ್-ಶಪೀರ್, ಸಿರಿಯಾದ ಯೂಫ್ರೆಟಿಸ್ ಕಣಿವೆಯ ಹಬೂಬಾ ಕಬೀರಾ ಮತ್ತು ಮಾರಿ. ಇವುಗಳ ಕಾಲ ಕ್ರಿ.ಪೂ. ಸುಮಾರು 3500ರಿಂದ 1700ರವರೆಗೆ ಹರಡಿಕೊಂಡಿದೆ. ಅಂದರೆ ಮೊದಲನೆಯದಕ್ಕೂ ಕೊನೆಯದಕ್ಕೂ ನಡುವೆ ಹದಿನೈದು ಶತಮಾನಗಳಿಗೂ ಹೆಚ್ಚಿನ ಅಂತರವಿದೆ ಎಂಬುದನ್ನು ಓದುಗರು ಕೊನೆಯವರೆಗೂ ಮನಸ್ಸಿನಲ್ಲಿಟ್ಟುಕೊಳ್ಳಬೇಕು.

ಎಲ್ಲ ನಗರಗಳಿಗೂ ಸಮಾನವಾದ ಕಷ್ಟಗಳು

ಟೈಗ್ರಿಸ್ ಮತ್ತು ಯೂಫ್ರೆಟಿಸ್ ನದಿಗಳಲ್ಲಿ ನೆರೆ ಬರುವುದು ಉತ್ತರದ ಬೆಟ್ಟಗಳ ಹಿಮ ಕರಗುವ ಏಪ್ರಿಲ್ ಮತ್ತು ಮೇ ತಿಂಗಳುಗಳಲ್ಲಿ. ಅದು ಬಾರ್ಲಿ ಕಟಾವಿಗೆ ಬಂದು ನಿಂತಿರುವ ಸಮಯ. ಬಿತ್ತನೆಯ ಕಾಲದಲ್ಲಿ ನೀರು ಸಾಲದು, ಕೊಯ್ಲಿನ ಕಾಲದಲ್ಲಿ ನೀರನ್ನು ತಡೆಯದಿದ್ದರೆ ಬೆಳೆಯೇ ಉಳಿಯದು. ಇದರ ಜೊತೆಗೆ ದಕ್ಷಿಣದ ಬಯಲಿನಲ್ಲಿ ನದಿ ತಾನೇ ತಂದ ಹೂಳಿನಿಂದ ತನ್ನ ಪಾತ್ರವನ್ನು ಎತ್ತರಿಸಿಕೊಂಡು, ಸುತ್ತಲಿನ ಹೊಲಗಳಿಗಿಂತ ಮೇಲ್ಮಟ್ಟದಲ್ಲಿ ಹರಿಯುತ್ತದೆ. ದಂಡೆಯನ್ನು ಕಡಿದರೆ ಕಾಲುವೆಗೆ ನೀರು ತಾನಾಗಿ ಇಳಿಯುವುದು ಇದರ ಅನುಕೂಲ. ಅದೇ ದಂಡೆ ತಾನಾಗಿ ಒಡೆದರೆ ಊರಿಗೂರೇ ಮುಳುಗುವುದು, ಕೆಲವೊಮ್ಮೆ ನದಿ ದಿಕ್ಕನ್ನೇ ಬದಲಿಸಿ ನಗರವನ್ನು ಒಣನೆಲದಲ್ಲಿ ಬಿಟ್ಟುಹೋಗುವುದು ಇದರ ಅಪಾಯ.

ಕಟ್ಟುವುದಕ್ಕೆ ಅಲ್ಲಿ ಕಲ್ಲೂ ಇಲ್ಲ, ಒಳ್ಳೆಯ ಮರವೂ ಇಲ್ಲ. ಇದ್ದದ್ದು ಜೇಡಿಮಣ್ಣು, ಜೊಂಡು ಮತ್ತು ಯೂಫ್ರೆಟಿಸ್ ದಂಡೆಯ ಹೀತ್ ಮುಂತಾದ ಕಡೆ ನೆಲದಿಂದ ಜಿನುಗುವ ನೈಸರ್ಗಿಕ ಡಾಂಬರು. ಬಿಸಿಲಿನಲ್ಲಿ ಒಣಗಿಸಿದ ಹಸಿ ಇಟ್ಟಿಗೆಯ ಗೋಡೆ ಮಳೆ ಮತ್ತು ಒರತೆಗೆ ಬುಡದಿಂದ ಕರಗುತ್ತದೆ. ಸುಟ್ಟ ಇಟ್ಟಿಗೆ ಬಾಳಿಕೆ ಬಂದರೂ ಸೌದೆಯ ಅಭಾವದಿಂದ ದುಬಾರಿಯಾಗಿತ್ತು. ಹೀಗಾಗಿ ಹಳೆಯ ಮನೆಯನ್ನು ಕೆಡವಿ ಅದರ ಮಣ್ಣಿನ ಮೇಲೆಯೇ ಹೊಸದನ್ನು ಕಟ್ಟುವುದು ವಾಡಿಕೆಯಾಯಿತು, ಊರು ಶತಮಾನಗಳ ಉದ್ದಕ್ಕೂ ಮೇಲೇರುತ್ತ ಹೋಗಿ ದಿಬ್ಬವಾಯಿತು. ಚರಂಡಿ, ಬೀದಿ, ಹೊಸ್ತಿಲು ಎಲ್ಲವನ್ನೂ ಪ್ರತಿ ತಲೆಮಾರು ಹೊಸ ಮಟ್ಟಕ್ಕೆ ಏರಿಸಬೇಕಾದ ಈ ಸ್ಥಿತಿ ಗೊತ್ತಿಲ್ಲದೆ ಅಲ್ಲಿನ ಯಾವ ನಕ್ಷೆಯನ್ನು ಓದಿದರೂ ಅದು ಅರ್ಧ ಮಾತ್ರ ಅರ್ಥವಾಗುತ್ತದೆ.

ಉರುಕ್: ಬೆಳವಣಿಗೆಯ ಪ್ರಮಾಣವನ್ನು ತಿಳಿಯಲು

ಇಂದಿನ ವರ್ಕಾ ದಿಬ್ಬಗಳೇ ಉರುಕ್. ಕ್ರಿ.ಪೂ. 3100ರ ವೇಳೆಗೆ ಅದರ ವಿಸ್ತಾರ ಸುಮಾರು 250 ಹೆಕ್ಟೇರ್ ಆಗಿತ್ತು. ಮುಂದಿನ ಕೆಲವು ಶತಮಾನಗಳಲ್ಲಿ ಅದು ಇಮ್ಮಡಿಗಿಂತ ಹೆಚ್ಚಾಗಿ, ಸುಮಾರು ಒಂಬತ್ತೂವರೆ ಕಿಲೋಮೀಟರ್ ಉದ್ದದ ಕೋಟೆಗೋಡೆಯೊಳಗೆ ಐದೂವರೆ ಚದರ ಕಿಲೋಮೀಟರ್ ಆವರಿಸಿತು. ಆ ಗೋಡೆಯನ್ನು ಕಟ್ಟಿಸಿದವನು ಪುರಾಣಪ್ರಸಿದ್ಧ ಅರಸ ಗಿಲ್ಗಮೇಶ್ ಎಂದು ಅಲ್ಲಿನ ಜನ ನಂಬಿದ್ದರು. ಅವನ ಕಥೆಯನ್ನು ಹೇಳುವ ಅಕ್ಕಾಡಿಯನ್ ಭಾಷೆಯ ಮಹಾಕಾವ್ಯದಲ್ಲಿ ನಗರದ ನೆಲದ ಹಂಚಿಕೆಯೇ ಬರುತ್ತದೆ: ಒಂದು ಪಾಲು ಊರು, ಒಂದು ಪಾಲು ಖರ್ಜೂರದ ತೋಟ, ಒಂದು ಪಾಲು ಮಣ್ಣು ತೆಗೆಯುವ ಹಳ್ಳ, ಅರ್ಧ ಪಾಲು ಇಷ್ತಾರ್ ದೇವಿಯ ಆಲಯ. ಇದು ಕಾವ್ಯದ ಮಾತು, ಸರ್ವೇಯ ಲೆಕ್ಕವಲ್ಲ. ಆದರೂ ಕೋಟೆಯೊಳಗೆ ಮನೆಗಳಷ್ಟೇ ಜಾಗ ತೋಟಕ್ಕೂ ಇಟ್ಟಿಗೆಮಣ್ಣಿನ ಗುಂಡಿಗೂ ಸಲ್ಲುತ್ತಿತ್ತು ಎಂಬ ತಿಳಿವಳಿಕೆ ಇದರಲ್ಲಿದೆ. ಗೋಡೆಯೊಳಗಿನ ಪ್ರತಿ ಹೆಕ್ಟೇರಿಗೂ ಇಷ್ಟು ಜನ ಎಂದು ಗುಣಿಸಿ ಜನಸಂಖ್ಯೆ ಹೇಳಹೊರಡುವವರು ಈ ಸಾಲುಗಳನ್ನು ಅಗತ್ಯವಾಗಿ ಗಮನಿಸಬೇಕು.

ಜರ್ಮನ್ ಪುರಾತತ್ತ್ವಜ್ಞರು 1912ರಲ್ಲಿ ಆರಂಭಿಸಿದ ಉತ್ಖನನ ಎಅನ್ನಾ ಎಂಬ ದೇವಾಲಯ ಆವರಣದ ಬೃಹತ್ ಕಟ್ಟಡಗಳನ್ನೂ, ಎತ್ತರದ ಜಗತಿಯ ಮೇಲಿನ ಬಿಳಿ ದೇವಾಲಯವನ್ನೂ, ಜಗತ್ತಿನ ಅತ್ಯಂತ ಹಳೆಯ ಬರಹದ ಫಲಕಗಳನ್ನೂ ಬೆಳಕಿಗೆ ತಂದಿತು. ಎಅನ್ನಾದಲ್ಲಿ ಒಂದು ಕಟ್ಟಡದ ನಂತರ ಇನ್ನೊಂದನ್ನು ಕೆಡವಿ, ನೆಲ ಮಟ್ಟ ಮಾಡಿ, ಬೇರೆಯೇ ನಕ್ಷೆಯಲ್ಲಿ ಮತ್ತೆ ಕಟ್ಟಿರುವುದು ಕಾಣುತ್ತದೆ. ಅಷ್ಟು ಕೂಲಿಯಾಳುಗಳನ್ನು ಒಟ್ಟುಗೂಡಿಸಿ, ಅವರಿಗೆ ಪಡಿ ಅಳೆದು ಕೊಡುವ ಆಡಳಿತ ಅಲ್ಲಿತ್ತು ಎಂಬುದಕ್ಕೆ ಇದಕ್ಕಿಂತ ಬಲವಾದ ಸಾಕ್ಷ್ಯ ಬೇಕಿಲ್ಲ. ಈ ಶತಮಾನದ ಆರಂಭದಲ್ಲಿ ನಡೆದ ಕಾಂತೀಯ ಸಮೀಕ್ಷೆ (ಅಗೆಯದೆ ನೆಲದೊಳಗಿನ ರಚನೆಗಳನ್ನು ಗುರುತಿಸುವ ವಿಧಾನ) ನಗರದೊಳಗೆ ಹರಿದಿದ್ದ ಕಾಲುವೆಗಳ ಜಾಡನ್ನೂ ತೋರಿಸಿದೆ. ಆದರೆ ಕ್ರಿ.ಪೂ. ನಾಲ್ಕನೆಯ ಸಹಸ್ರಮಾನದ ಸಾಮಾನ್ಯ ಜನರ ಕೇರಿ ಅಲ್ಲಿ ಹೆಚ್ಚುಕಡಿಮೆ ಅಗೆಯದೆಯೇ ಉಳಿದಿದೆ. ಸುತ್ತಲಿನ ಹಳ್ಳಿಗಳು ಬರಿದಾಗುತ್ತ ನಗರ ಹೇಗೆ ಉಬ್ಬಿತು ಎಂಬ ಪ್ರಶ್ನೆಗೆ, 1960ರ ದಶಕದಲ್ಲಿ ರಾಬರ್ಟ್ ಆಡಮ್ಸ್ ಮತ್ತು ಹಾನ್ಸ್ ನಿಸ್ಸೆನ್ ನಡೆಸಿದ ಬಯಲು ಸಮೀಕ್ಷೆಯಿಂದಾಗಿ, ಉರುಕ್‌ಗಿಂತ ಒಳ್ಳೆಯ ಉದಾಹರಣೆಯಿಲ್ಲ. ಬೀದಿ ಮತ್ತು ಬಚ್ಚಲಿನ ಪ್ರಶ್ನೆಗೆ ಮಾತ್ರ ಅದನ್ನು ಆರಿಸಬಾರದು.

ಹಬೂಬಾ ಕಬೀರಾ: ಖಾಲಿ ನೆಲದಲ್ಲಿ ಎದ್ದ ನಗರ

ಉರುಕ್ ಸಂಸ್ಕೃತಿಯವರ ಬೀದಿಗಳನ್ನು ನೋಡಬೇಕೆಂದರೆ ನೂರಾರು ಕಿಲೋಮೀಟರ್ ಉತ್ತರಕ್ಕೆ, ಸಿರಿಯಾದ ಹಬೂಬಾ ಕಬೀರಾಕ್ಕೆ ಬರಬೇಕು. ದಕ್ಷಿಣದ ಶೈಲಿಯ ಮಡಕೆ, ಮುದ್ರೆ, ಮನೆಯ ನಕ್ಷೆ ಎಲ್ಲವನ್ನೂ ಹೊತ್ತು ತಂದವರು ಯೂಫ್ರೆಟಿಸ್‌ನ ಪಶ್ಚಿಮ ದಂಡೆಯಲ್ಲಿ ಈ ಊರನ್ನು ಕಟ್ಟಿದರು, ಕೆಲವೇ ತಲೆಮಾರು ಬಾಳಿ ಬಿಟ್ಟುಹೋದರು. ಮೇಲೆ ಬೇರೆ ಪದರಗಳು ಕೂಡಿಕೊಳ್ಳದ ಕಾರಣ ಊರಿನ ನಕ್ಷೆ ಒಂದೇ ಕಾಲದ್ದಾಗಿ ಉಳಿಯಿತು. ಒಂದು ಬದಿಗೆ ನದಿ, ಉಳಿದ ಬದಿಗಳಿಗೆ ಸುಮಾರು ಮೂರು ಮೀಟರ್ ದಪ್ಪದ ಗೋಡೆ, ಗೋಡೆಯುದ್ದಕ್ಕೂ ಚೌಕ ಬುರುಜುಗಳು, ಪಶ್ಚಿಮಕ್ಕೆ ಎರಡು ಊರಬಾಗಿಲು, ಒಳಗೆ ಉದ್ದುದ್ದ ಬೀದಿಗಳು, ದಕ್ಷಿಣದಲ್ಲಿ ಎತ್ತರದ ಮೇಲೆ ದೇವಾಲಯಗಳ ಆವರಣ.

ಚರಂಡಿಯ ಬಗ್ಗೆ ಕೆಲಸ ಮಾಡುವವರು ಇಲ್ಲಿ ನಿಲ್ಲಲೇಬೇಕು. ಒಂದು ತುದಿ ಕಿರಿದಾಗಿರುವ ಸುಟ್ಟಮಣ್ಣಿನ ಕೊಳವೆಗಳನ್ನು ಒಂದರ ಬಾಯಿಗೆ ಇನ್ನೊಂದನ್ನು ಸೇರಿಸಿ ಜೋಡಿಸಿದ ಸಾಲುಗಳೂ, ಮೇಲೆ ತೆರೆದ ದೋಣಿಯಾಕಾರದ ಸುಟ್ಟಮಣ್ಣಿನ ತೂಬುಗಳೂ ಮನೆಯ ನೀರನ್ನು ಬೀದಿಯಡಿ ಸಾಗಿಸಿ ಗೋಡೆಯಾಚೆಗೆ ಬಿಡುತ್ತಿದ್ದವು. ಐದು ಸಾವಿರ ವರ್ಷಕ್ಕೂ ಹಿಂದೆ ಇಂಥ ಜೋಡಣೆಗೆ ಇಳಿಜಾರಿನ ಲೆಕ್ಕ ಮೊದಲೇ ಗೊತ್ತಿರಬೇಕು, ಮನೆ ಕಟ್ಟುವ ಮುನ್ನವೇ ಕೊಳವೆ ಹೂಳಬೇಕು. ಯೋಜನೆ ಎಂಬ ಪದವನ್ನು ಇಲ್ಲಿ ಹಿಂಜರಿಕೆಯಿಲ್ಲದೆ ಬಳಸಬಹುದು.

ಇದರ ಮಿತಿಗಳೂ ದೊಡ್ಡವು. ಟಬ್ಕಾ ಅಣೆಕಟ್ಟಿನ ಹಿನ್ನೀರಿನಲ್ಲಿ ಮುಳುಗಲಿದ್ದ ಪ್ರದೇಶದಲ್ಲಿ, 1969ರಿಂದ 1975ರವರೆಗೆ ಅವಸರದಲ್ಲಿ ನಡೆದ ರಕ್ಷಣಾ ಉತ್ಖನನದಲ್ಲಿ ಸಿಕ್ಕಿದ್ದಷ್ಟೇ ನಮ್ಮ ಪಾಲಿಗೆ ಉಳಿದಿರುವುದು. ಆ ನೆಲ ಇಂದು ಅಸದ್ ಜಲಾಶಯದ ತಳದಲ್ಲಿದೆ, ಹೊಸ ಪ್ರಶ್ನೆಯೊಂದಿಗೆ ಮತ್ತೆ ಅಗೆಯಲು ಅವಕಾಶವಿಲ್ಲ. ಅಲ್ಲದೆ ಇದು ಸುಮಾರು 20 ಹೆಕ್ಟೇರಿನ ವಸಾಹತು. ಉರುಕ್‌ನಂಥ ನಗರದ ಕೇರಿಗಳೂ ಹೀಗೆಯೇ ಇದ್ದವೆಂದು ಇದನ್ನು ನೋಡಿ ಹೇಳಲಾಗದು.

ಮಾರಿ: ನೀರಿಗಾಗಿಯೇ ಆರಿಸಿದ ಜಾಗ

ಕ್ರಿ.ಪೂ. ಸುಮಾರು 2900ರಲ್ಲಿ ಸ್ಥಾಪನೆಯಾದ ಮಾರಿ ವೃತ್ತಾಕಾರದ ನಗರ. ಹೊರಗಿನ ಏರಿಯ ವ್ಯಾಸ ಸುಮಾರು 1.9 ಕಿಲೋಮೀಟರ್, ಅದರೊಳಗೆ ಮತ್ತೊಂದು ಕೋಟೆಗೋಡೆ. ಮಳೆ ನಂಬಿ ಬೇಸಾಯ ಮಾಡಲಾಗದ ಆ ಸೀಮೆಯಲ್ಲಿ ಅಷ್ಟು ದೊಡ್ಡ ಊರನ್ನು ಒಮ್ಮೆಗೇ ಎಬ್ಬಿಸಿದ್ದಕ್ಕೆ ನದಿಯ ವ್ಯಾಪಾರವೇ ಕಾರಣವೆಂದು, 1979ರಿಂದ ಅಲ್ಲಿ ಉತ್ಖನನದ ಮುಂದಾಳತ್ವ ವಹಿಸಿದ್ದ ಜಾನ್-ಕ್ಲೋದ್ ಮಾರ್ಗೆರೋ ವಾದಿಸಿದರು. ಊರನ್ನು ದಂಡೆಗೆ ಅಂಟಿಸದೆ ಸ್ವಲ್ಪ ದೂರ ಇಟ್ಟು, ನದಿಯಿಂದ ಕಾಲುವೆಯೊಂದನ್ನು ನಗರದೊಳಕ್ಕೆ ತಂದು, ಕುಡಿಯುವ ನೀರಿಗೂ ದೋಣಿಗೂ ಅದನ್ನೇ ಬಳಸಿ, ನೆರೆ ತಡೆಯಲು ಹೊರಗೆ ಏರಿ ಹಾಕಿದರು ಎಂಬುದು ಅವರ ವಿವರಣೆ. ನಡುವಿನ ಎತ್ತರದಿಂದ ಹೊರಗೋಡೆಯತ್ತ ಇಳಿಯುವ ಬೀದಿಗಳು ಮಳೆನೀರನ್ನು ಹೊರಕ್ಕೆ ಸಾಗಿಸುವಂತಿದ್ದವು.

ಕೊನೆಯ ಅರಸ ಜಿಮ್ರಿ-ಲಿಮ್‌ನ ಅರಮನೆ ಮತ್ತು ಅಲ್ಲಿ ದೊರೆತ ಸಾವಿರಾರು ಫಲಕಗಳಿಂದಾಗಿ ಮಾರಿ ಪ್ರಸಿದ್ಧ. ಆದರೆ ಅರಮನೆಯಲ್ಲಿ ಮುಳುಗಿಹೋದರೆ ನಗರ ಕಣ್ಮರೆಯಾಗುತ್ತದೆ. ಮೊದಲ ನಗರದ ಪದರ ಬಹಳ ಆಳದಲ್ಲಿದ್ದು ಅಲ್ಲಲ್ಲಿ ಮಾತ್ರ ತೆರೆದಿದೆ, ವೃತ್ತದ ದೊಡ್ಡ ಭಾಗವನ್ನು ನದಿಯೇ ಕೊರೆದು ಒಯ್ದಿದೆ, ಸಿರಿಯಾದ ಅಂತರ್ಯುದ್ಧದ ವರ್ಷಗಳಲ್ಲಿ ಕಳ್ಳ ಅಗೆತದಿಂದ ಉಳಿದದ್ದಕ್ಕೂ ಹಾನಿಯಾಗಿದೆ. ಕಾಲುವೆ ಮತ್ತು ನೆರೆ ನಿಯಂತ್ರಣದ ಬಗ್ಗೆ ಬರೆಯುವವರಿಗೆ ಮಾರಿ ಸರಿಯಾದ ಆಯ್ಕೆ. ಆಗಲೂ ಅಗೆದು ಕಂಡದ್ದು ಯಾವುದು, ಕಂಡದ್ದರಿಂದ ಊಹಿಸಿದ್ದು ಯಾವುದು ಎಂಬ ಗೆರೆಯನ್ನು ಸ್ಪಷ್ಟವಾಗಿ ಎಳೆದುಕೊಳ್ಳಬೇಕು.

ಊರ್: ಮನೆಬಾಗಿಲಿನಿಂದ ನೋಡಿದ ನಗರ

ಮೊದಲ ಸಲ ಓದುವವರು ಯಾವುದನ್ನು ಆರಿಸಬೇಕೆಂದು ಕೇಳಿದರೆ ನನ್ನ ಉತ್ತರ ಊರ್. ಲಿಯೊನಾರ್ಡ್ ವೂಲಿ 1922ರಿಂದ 1934ರವರೆಗೆ ಅಲ್ಲಿ ಅಗೆದರು. ರಾಜಸಮಾಧಿಗಳ ಚಿನ್ನದಿಂದ ಅವರ ಹೆಸರು ಜಗತ್ತಿಗೆಲ್ಲ ಹರಡಿದರೂ, ನಗರ ಯೋಜನೆಯ ವಿದ್ಯಾರ್ಥಿಗೆ ಅವರು ಬಿಟ್ಟುಹೋದ ದೊಡ್ಡ ಆಸ್ತಿಯೆಂದರೆ ಕ್ರಿ.ಪೂ. 2000ದಿಂದ 1740ರ ಆಸುಪಾಸಿನ ವಸತಿ ಕೇರಿಗಳ ನಕ್ಷೆ. ಅಲ್ಲಿನ ಓಣಿಗಳಿಗೆ ವೂಲಿ ಇಂಗ್ಲೆಂಡಿನ ಬೀದಿಗಳ ಹೆಸರಿಟ್ಟರು. ಇಂದಿಗೂ ವಿದ್ವಾಂಸರು ಮನೆಗಳನ್ನು ಆ ಹೆಸರು ಮತ್ತು ಮನೆಸಂಖ್ಯೆಯಿಂದಲೇ ಗುರುತಿಸುತ್ತಾರೆ.

ಆ ಓಣಿಗಳಲ್ಲಿ ನೇರ ಗೆರೆ ಅಪರೂಪ. ಅವು ತಿರುಗುತ್ತ, ಕಿರಿದಾಗುತ್ತ, ಕೆಲವು ಕಡೆ ಯಾರದೋ ಬಾಗಿಲಲ್ಲಿ ಕೊನೆಗೊಳ್ಳುತ್ತವೆ. ಗಾಡಿ ಹೋಗುವಷ್ಟು ಅಗಲವಿಲ್ಲ, ಹೇರು ಹೊತ್ತ ಕತ್ತೆ ಹೋಗಬಹುದು. ಓಣಿಯ ತಿರುವುಗಳಲ್ಲಿ ಮನೆಯ ಮೂಲೆಯ ಇಟ್ಟಿಗೆಗಳನ್ನು ದುಂಡಗೆ ಕಟ್ಟಿರುವುದು, ಹೇರು ತಗುಲಿ ಗೋಡೆಯೂ ಸರಕೂ ಕೆಡದಿರಲೆಂದು. ಕೂಡುರಸ್ತೆಗಳಲ್ಲಿ ಪುಟ್ಟ ಗುಡಿಗಳಿವೆ. ಬೀದಿಗೆ ಕಸ ಸುರಿಯುತ್ತಿದ್ದುದರಿಂದಲೂ ಮನೆ ಕೆಡವಿದ ಮಣ್ಣಿನಿಂದಲೂ ಓಣಿಯ ಮಟ್ಟ ಏರುತ್ತಲೇ ಹೋಯಿತು. ಮನೆಯವರು ಮೊದಲು ಹೊಸ್ತಿಲನ್ನು ಎತ್ತರಿಸಿದರು, ಆಮೇಲೆ ಒಳಕ್ಕಿಳಿಯಲು ಮೆಟ್ಟಿಲು ಹಾಕಿದರು, ಅದೂ ಸಾಲದಾದಾಗ ಒಳಗಿನ ನೆಲವನ್ನೇ ಏರಿಸಿ ಮನೆಯನ್ನು ಹೊಸದಾಗಿ ಕಟ್ಟಿದರು. ನಗರ ಪಾಲನೆ ಎಂಬುದು ಎಲ್ಲಿ ನಿಂತು, ಮನೆಯವರ ಹೊಣೆ ಎಲ್ಲಿ ಶುರುವಾಗುತ್ತಿತ್ತು ಎಂಬುದನ್ನು ಈ ಹೊಸ್ತಿಲುಗಳು ಯಾವ ಶಾಸನಕ್ಕಿಂತಲೂ ಚೆನ್ನಾಗಿ ತಿಳಿಸುತ್ತವೆ.

ಮನೆಯೊಳಗೆ ಹೋದರೆ ನಮ್ಮ ತೊಟ್ಟಿಮನೆಯನ್ನು ಬಲ್ಲವರಿಗೆ ಅಪರಿಚಿತ ಅನ್ನಿಸದು: ನಡುವೆ ಆಕಾಶಕ್ಕೆ ತೆರೆದ ಅಂಗಳ, ಸುತ್ತ ಕೋಣೆಗಳು, ಅಂಗಳದ ನೆಲ ನಡುವಿಗೆ ಇಳಿಜಾರಾಗಿ ನೀರು ಒಂದು ರಂಧ್ರದಲ್ಲಿ ಇಳಿಯುವ ವ್ಯವಸ್ಥೆ. ಆದರೆ ಆ ರಂಧ್ರದಿಂದ ನೀರು ಬೀದಿಗೆ ಹೋಗುತ್ತಿರಲಿಲ್ಲ. ತೂತುಗಳಿದ್ದ ಸುಟ್ಟಮಣ್ಣಿನ ಬಳೆಗಳನ್ನು ಒಂದರ ಮೇಲೊಂದು ಪೇರಿಸಿ, ಸುತ್ತಲೂ ಮಡಕೆಚೂರು ತುಂಬಿ, ಮನೆಯ ನೆಲದಡಿ ಆಳದ ಇಂಗುಗುಂಡಿ ಮಾಡಿದ್ದರು. ನೀರು ಅಲ್ಲಿಯೇ ಮಣ್ಣಿಗೆ ಇಂಗುತ್ತಿತ್ತು. ಕೆಲವು ಮನೆಗಳಲ್ಲಿ ಮೆಟ್ಟಿಲಿನ ಕೆಳಗಿನ ಇಕ್ಕಟ್ಟಿನ ಕೋಣೆಯ ಶೌಚಕ್ಕೂ ಇಂಥದೇ ಗುಂಡಿ. ಮೊಹೆಂಜೊದಾರೊದ ಚರಂಡಿಗಳನ್ನು ಶಾಲೆಯಲ್ಲಿ ಓದಿದ ನಮಗೆ ಇಲ್ಲಿ ಸಹಜವಾಗಿ ಹೋಲಿಕೆ ಮೂಡುತ್ತದೆ. ಸಿಂಧೂ ನಗರದಲ್ಲಿ ಮನೆಯ ನೀರು ಬೀದಿಯ ಮುಚ್ಚಿದ ಚರಂಡಿಗೆ ಸೇರಿ ಸಾರ್ವಜನಿಕ ಹೊಣೆಯಾಗುತ್ತಿತ್ತು, ಊರ್‌ನಲ್ಲಿ ಪ್ರತಿ ಮನೆ ತನ್ನ ನೀರನ್ನು ತಾನೇ ಇಂಗಿಸಿಕೊಳ್ಳುತ್ತಿತ್ತು. ಎರಡೂ ನಾಡುಗಳ ನಡುವೆ ವ್ಯಾಪಾರವಿತ್ತು, ಮೆಲುಹ್ಹದ ಹಡಗುಗಳು ತನ್ನ ರಾಜಧಾನಿಯ ಕಟ್ಟೆಗೆ ಬಂದು ನಿಲ್ಲುತ್ತಿದ್ದವೆಂದು ಅಕ್ಕಾಡಿನ ಅರಸ ಸಾರ್ಗೊನ್ ತನ್ನ ಶಾಸನದಲ್ಲಿ ಹೇಳಿಕೊಂಡಿದ್ದಾನೆ, ಆ ಮೆಲುಹ್ಹ ಸಿಂಧೂ ಪ್ರದೇಶವೆಂದೇ ಬಹುತೇಕ ವಿದ್ವಾಂಸರ ಅಭಿಪ್ರಾಯ. ಹೀಗಿದ್ದೂ ನಗರ ಕಟ್ಟುವ ಕ್ರಮ ಒಂದರಿಂದ ಇನ್ನೊಂದಕ್ಕೆ ದಾಟಲಿಲ್ಲ ಎಂಬುದು ಆಳವಾಗಿ ಯೋಚಿಸಬೇಕಾದ ವಿಷಯ.

ಸಾಮೂಹಿಕ ಕಾಮಗಾರಿ ಊರ್‌ನಲ್ಲಿ ಇರಲಿಲ್ಲವೆಂದು ಇದರ ಅರ್ಥವಲ್ಲ. ಅಂಡಾಕಾರದ ನಗರವನ್ನು ಸುತ್ತುವರಿದ ಬುಡದಲ್ಲಿ 20 ಮೀಟರಿಗೂ ಹೆಚ್ಚು ದಪ್ಪದ ಮಣ್ಣಿನ ಕೋಟೆ, ಪಶ್ಚಿಮ ಮತ್ತು ಉತ್ತರದ ಎರಡು ಬಂದರುಗಳು, ಕ್ರಿ.ಪೂ. 2100ರ ಸುಮಾರಿಗೆ ಅರಸ ಉರ್-ನಮ್ಮು ಕಟ್ಟಿಸಿದ ಜಿಗ್ಗುರಾಟ್ ಎಂಬ ಮೆಟ್ಟಿಲು ಗೋಪುರ, ಇವೆಲ್ಲ ಅರಸೊತ್ತಿಗೆಯ ಕೆಲಸಗಳು. ಜಿಗ್ಗುರಾಟ್‌ನ ಅಡಿಪಾಯ ಸುಮಾರು 62 ಮೀಟರ್ ಉದ್ದ, 43 ಮೀಟರ್ ಅಗಲ. ಒಳಗಿನ ಹಸಿ ಇಟ್ಟಿಗೆಯ ರಾಶಿಗೆ ಹೊರಗಿನಿಂದ ಡಾಂಬರಿನಲ್ಲಿ ಕೂರಿಸಿದ ಸುಟ್ಟ ಇಟ್ಟಿಗೆಯ ಹೊದಿಕೆ, ಒಳಗಿನ ತೇವ ಹೊರಬರಲು ಆ ಹೊದಿಕೆಯಲ್ಲಿ ಸಾಲು ರಂಧ್ರಗಳು. ಅರಸ ಎಲ್ಲಿ ಕೈಯಿಡುತ್ತಿದ್ದ, ಎಲ್ಲಿ ಇಡುತ್ತಿರಲಿಲ್ಲ ಎಂಬುದನ್ನು ಒಂದೇ ಊರಿನಲ್ಲಿ ಅಕ್ಕಪಕ್ಕ ನೋಡಬಹುದಾದ ಅನುಕೂಲ ಊರ್‌ಗಿದೆ. ಅಗೆದಿರುವುದು ಕೆಲವೇ ಕೇರಿಗಳನ್ನು ಎಂಬುದು ಅದರ ಕೊರತೆ, ಆ ಕೇರಿಗಳು ಇಡೀ ನಗರದ ಜೊತೆ ಹೇಗೆ ಕೂಡಿಕೊಂಡಿದ್ದವು ಎಂಬುದು ಅಷ್ಟು ಸುಲಭವಾಗಿ ಕಾಣದು.

ಮಷ್ಕನ್-ಶಪೀರ್: ಇಡೀ ನಗರ ಒಂದೇ ಹಾಳೆಯಲ್ಲಿ

ಆ ಕೊರತೆಯನ್ನು ತುಂಬುವ ನಗರ ಮಷ್ಕನ್-ಶಪೀರ್. ಹೆಸರು ಅಷ್ಟು ಪರಿಚಿತವಲ್ಲದಿದ್ದರೂ ನಗರ ಯೋಜನೆಯನ್ನೇ ಮುಖ್ಯ ವಿಷಯವಾಗಿ ಓದುವವರು ಇದನ್ನು ಬಿಡುವಂತಿಲ್ಲ. ದಕ್ಷಿಣ ಮೆಸೊಪೊಟೇಮಿಯದ ಲಾರ್ಸಾ ರಾಜ್ಯದ ಉತ್ತರದ ಪ್ರಮುಖ ನಗರವಾಗಿ ಸುಮಾರು ಮೂರು ಶತಮಾನ ಬಾಳಿ, ಕ್ರಿ.ಪೂ. 1720ರ ವೇಳೆಗೆ ಪಾಳುಬಿದ್ದ ಇದರ ಮೇಲೆ ಮತ್ತೆ ದೊಡ್ಡ ಊರು ಏಳಲಿಲ್ಲ. ಎಲಿಜಬೆತ್ ಸ್ಟೋನ್ ಮತ್ತು ಪಾಲ್ ಜಿಮಾನ್ಸ್ಕಿ 1980ರ ದಶಕದ ಕೊನೆಯಲ್ಲಿ, ಕೊಲ್ಲಿ ಯುದ್ಧಕ್ಕೆ ಮುನ್ನ, ಸುಮಾರು 72 ಹೆಕ್ಟೇರಿನ ಇಡೀ ದಿಬ್ಬವನ್ನು ಹೆಜ್ಜೆಹೆಜ್ಜೆಯಾಗಿ ನಡೆದು, ನೆಲದ ಮೇಲೆ ಬಿದ್ದಿದ್ದ ಲೋಹದ ಚೂರು, ಕಿಟ್ಟ, ಮುದ್ರೆ, ಮಡಕೆಗಳನ್ನು ನಕ್ಷೆಗಿಳಿಸಿದರು, ಗಾಳಿಪಟಕ್ಕೆ ಕ್ಯಾಮೆರಾ ಕಟ್ಟಿ ಮೇಲಿನಿಂದ ಫೋಟೊ ತೆಗೆದರು. ಹೆಚ್ಚು ಅಗೆಯದೆಯೇ ಬೀದಿ, ಗೋಡೆ, ಕಾಲುವೆಗಳ ಗೆರೆಗಳು ಮೂಡಿಬಂದವು.

ಕಾಲುವೆಗಳು ನಗರವನ್ನು ಹಲವು ಭಾಗಗಳಾಗಿ ಸೀಳುತ್ತವೆ, ಅಗಲವಾಗುವ ಕಡೆ ಬಂದರುಗಳಾಗುತ್ತವೆ. ಮುಖ್ಯ ಬೀದಿಗಳು ಆ ಕಾಲುವೆಗಳ ಜೊತೆಜೊತೆಗೆ ಸಾಗುತ್ತವೆ. ದೇವಾಲಯ, ಆಡಳಿತದ ಕಟ್ಟಡ ಮತ್ತು ಸ್ಮಶಾನ ಬೇರೆಬೇರೆ ಭಾಗಗಳಲ್ಲಿವೆ. ಊರನ್ನು ಕಟ್ಟುವಾಗ ಮೊದಲು ಎಳೆದ ಗೆರೆ ನೀರಿನದು, ಬೀದಿ ಮತ್ತು ಕೇರಿಗಳು ಅದನ್ನು ಅನುಸರಿಸಿ ಬಂದವು ಎಂಬುದು ಈ ನಕ್ಷೆಯಲ್ಲಿ ಕಾಣುವಷ್ಟು ನಿಚ್ಚಳವಾಗಿ ಬೇರೆಲ್ಲೂ ಕಾಣುವುದಿಲ್ಲ. ಇನ್ನೂ ಮುಖ್ಯವಾದ ಸಂಗತಿಯೆಂದರೆ, ಸಿರಿವಂತಿಕೆಯ ಗುರುತಾದ ಲೋಹದ ವಸ್ತುಗಳೂ ಮುದ್ರೆಗಳೂ ಒಂದೇ ಕೇರಿಯಲ್ಲಿ ಗುಡ್ಡೆಯಾಗಿರದೆ ಊರಿನ ಎಲ್ಲ ಭಾಗಗಳಲ್ಲಿ ಚದುರಿವೆ. ಉಳ್ಳವರೂ ಇಲ್ಲದವರೂ ಒಂದೇ ಓಣಿಯಲ್ಲಿ ನೆರೆಹೊರೆಯವರಾಗಿದ್ದರು ಎಂದು ಸ್ಟೋನ್ ಇದನ್ನು ಅರ್ಥೈಸಿದ್ದಾರೆ. ಮೇಲ್ಮೈಯ ವಸ್ತುಗಳನ್ನು ನಂಬಿ ಕಟ್ಟಿದ ವಾದವಾದ್ದರಿಂದ ಎಚ್ಚರಿಕೆ ಬೇಕು. ಆದರೂ ಊರ್‌ನ ನಕ್ಷೆಯಲ್ಲಿ ದೊಡ್ಡ ಮನೆಗೆ ಗೋಡೆಗೋಡೆ ತಾಗಿ ಸಣ್ಣ ಮನೆಗಳಿರುವುದು ಅದೇ ದಿಕ್ಕಿಗೆ ಬೊಟ್ಟು ಮಾಡುತ್ತದೆ.

ಆಯ್ದ ನಗರದ ಜೊತೆಗೆ ಓದಬೇಕಾದವು

ಯಾವ ನಗರವನ್ನು ಆರಿಸಿಕೊಂಡರೂ ಕೆಲವು ಸಣ್ಣ ಸಾಕ್ಷ್ಯಗಳನ್ನು ಪಕ್ಕದಲ್ಲಿಟ್ಟುಕೊಂಡರೆ ಒಳ್ಳೆಯದು. ಮೆಸೊಪೊಟೇಮಿಯದ ಇನ್ನೊಂದು ಪ್ರಾಚೀನ ನಗರ ನಿಪ್ಪುರ್‌ನಲ್ಲಿ 1899ರಲ್ಲಿ ದೊರೆತು ಈಗ ಜರ್ಮನಿಯ ಯೆನಾದಲ್ಲಿರುವ ಮಣ್ಣಿನ ಫಲಕದಲ್ಲಿ ಆ ನಗರದ ನಕ್ಷೆಯೇ ಇದೆ: ಗೋಡೆ, ಹೆಸರಿರುವ ಊರಬಾಗಿಲುಗಳು, ನದಿ, ನಡುವೆ ಹರಿಯುವ ಕಾಲುವೆ, ದೇವಾಲಯ. ಇದು ನಮ್ಮ ಕಾಲಘಟ್ಟಕ್ಕಿಂತ ಕೆಲವು ಶತಮಾನ ಈಚಿನದಾದರೂ, ಅಲ್ಲಿನವರು ತಮ್ಮ ನಗರದಲ್ಲಿ ಏನನ್ನು ಮುಖ್ಯವೆಂದು ಗುರುತಿಸುತ್ತಿದ್ದರು ಎಂಬುದನ್ನು ಅವರ ಕೈಯಿಂದಲೇ ತಿಳಿಸುತ್ತದೆ. ಆ ನಕ್ಷೆಯಲ್ಲಿ ಮನೆಗಳಿಲ್ಲ.

ನಿರ್ವಹಣೆಯ ಹೊಣೆ ಯಾರದು ಎಂಬ ಪ್ರಶ್ನೆಗೆ ಕಾನೂನಿನ ಫಲಕಗಳನ್ನು ನೋಡಬೇಕು. ವಾಲಿದ ಗೋಡೆಯ ಬಗ್ಗೆ ಕೇರಿಯ ಹಿರಿಯರು ಎಚ್ಚರಿಸಿದ ಮೇಲೂ ಮನೆಯಾತ ಅದನ್ನು ಭದ್ರಪಡಿಸದೆ, ಗೋಡೆ ಬಿದ್ದು ಒಬ್ಬ ಸತ್ತರೆ ಅದು ಪ್ರಾಣದಂಡನೆಯ ಪ್ರಕರಣವಾಗಿ ಅರಸನ ಮುಂದೆ ಹೋಗಬೇಕೆಂದು ಎಷ್ನುನ್ನಾ ಎಂಬ ನಗರರಾಜ್ಯದ ಕಾನೂನು ಹೇಳುತ್ತದೆ. ಕಾಲುವೆಯ ದಂಡೆಯನ್ನು ನಿರ್ಲಕ್ಷಿಸಿ ಬೇರೆಯವರ ಹೊಲ ಮುಳುಗಿಸಿದವನು ನಷ್ಟ ತುಂಬಬೇಕೆಂದು ಬ್ಯಾಬಿಲೋನಿನ ಅರಸ ಹಮ್ಮುರಬಿಯ ಸಂಹಿತೆ ವಿಧಿಸುತ್ತದೆ. ಗುಂಡಿ ತೋಡಿ ಶುದ್ಧ ಮರಳು ತುಂಬಿಯೇ ಅಡಿಪಾಯ ಹಾಕಿದ, ಇರಾಕಿನ ಖಫಾಜೆ ಎಂಬ ನೆಲೆಯ ಅಂಡಾಕಾರದ ದೇವಾಲಯ, ನಿರ್ಮಾಣ ತಂತ್ರದ ಆಸಕ್ತರಿಗೆ ಮಾತ್ರ.

ಹಾಗಾದರೆ ಯಾರಿಗೆ ಯಾವುದು?

ಹಳ್ಳಿಯಿಂದ ನಗರ ಹೇಗೆ ಹುಟ್ಟಿತು, ಆಡಳಿತ ಹೇಗೆ ರೂಪುಗೊಂಡಿತು ಎಂದು ಕೇಳುವ ಇತಿಹಾಸದ ವಿದ್ಯಾರ್ಥಿಗೆ ಉರುಕ್ ಬೇಕೇಬೇಕು. ಜೊತೆಗೆ ಅದೇ ಕಾಲದ, ಅದೇ ಸಂಸ್ಕೃತಿಯ ಹಬೂಬಾ ಕಬೀರಾವನ್ನು ಇಟ್ಟುಕೊಂಡರೆ, ದೊಡ್ಡ ನಗರದಲ್ಲಿ ಕಾಣದ ಬೀದಿ ಮತ್ತು ಕೊಳವೆಗಳು ಇಲ್ಲಿ ಸಿಗುತ್ತವೆ. ನೀರಾವರಿ ಎಂಜಿನಿಯರ್‌ಗಳಿಗೆ ಮಾರಿ. ಶಾಲೆಯ ಮಕ್ಕಳಿಗೆ ಪಾಠ ಮಾಡುವವರಿಗೆ ಊರ್ ಒಂದೇ ಸಾಕು, ಏಕೆಂದರೆ ಒಂದು ಮನೆಯ ನಕ್ಷೆಯನ್ನು ಕಪ್ಪುಹಲಗೆಯ ಮೇಲೆ ಬಿಡಿಸಿ ಅಲ್ಲಿಂದ ಓಣಿಗೆ, ಓಣಿಯಿಂದ ಬಂದರಿಗೆ ಮಕ್ಕಳನ್ನು ಕರೆದೊಯ್ಯಬಹುದು.

ತಪ್ಪಿಸಬೇಕಾದ ಆಯ್ಕೆಯೊಂದಿದೆ. ಹಬೂಬಾ ಕಬೀರಾದ ಕೊಳವೆ, ಮಾರಿಯ ವೃತ್ತ, ಊರ್‌ನ ಓಣಿ, ಉರುಕ್‌ನ ಗೋಡೆ ಎಲ್ಲವನ್ನೂ ಒಂದೇ ಚಿತ್ರದಲ್ಲಿ ಕೂಡಿಸಿ ಅದಕ್ಕೆ ಮೆಸೊಪೊಟೇಮಿಯದ ನಗರವೆಂದು ಹೆಸರಿಡುವ ಪರಿಪಾಠ ಪಠ್ಯಗಳಲ್ಲಿ ಸಾಮಾನ್ಯವಾಗಿದೆ. ಅಂಥ ನಗರದಲ್ಲಿ ಯಾರೂ ಎಂದೂ ವಾಸಿಸಿರಲಿಲ್ಲ. ಊರ್‌ನ ಆ ಮನೆಗಳಲ್ಲಿ ಜನ ವಾಸಿಸುವ ವೇಳೆಗೆ ಹಬೂಬಾ ಕಬೀರಾ ಪಾಳುಬಿದ್ದು ಸಾವಿರ ವರ್ಷವಾಗಿತ್ತು. ಎರಡು ನಗರಗಳನ್ನು ಕೂಡಿಸಿ ಓದಲೇಬೇಕೆಂದಿದ್ದರೆ ಊರ್ ಮತ್ತು ಮಷ್ಕನ್-ಶಪೀರ್‌ಗಳನ್ನು ನಿಶ್ಚಿಂತೆಯಿಂದ ಕೂಡಿಸಬಹುದು. ಎರಡೂ ಒಂದೇ ಶತಮಾನಗಳಲ್ಲಿ, ಲಾರ್ಸಾದ ಅರಸರ ಆಳ್ವಿಕೆಯಡಿ ಬಾಳಿದ ಊರುಗಳು. ಮೊದಲನೆಯದರಲ್ಲಿ ಮನೆ ಮತ್ತು ಓಣಿಯ ವಿವರವಿದೆ, ಎರಡನೆಯದರಲ್ಲಿ ಕಾಲುವೆ, ಬಂದರು ಮತ್ತು ಕೇರಿಗಳ ಒಟ್ಟು ಜೋಡಣೆಯಿದೆ. ಒಂದೇ ಪ್ರಬಂಧಕ್ಕೆ ಸಮಯವಿರುವ ನಗರ ಯೋಜನೆಯ ವಿದ್ಯಾರ್ಥಿಗೆ ನಾನು ಸೂಚಿಸುವುದು ಈ ಜೋಡಿಯನ್ನೇ.